ಮೀನು ಹಿಡಿಯದ ಕಸುಬು

ನನ್ನ ಮಾವನ ವಿಷಯ ಬರೆಯಲು ಕೂತರೆ ನನಗೆ ಮೊದಲು ಬರುವುದು ಸಿಟ್ಟು. ಪ್ರೀತಿ ಆಮೇಲೆ ಬರುತ್ತದೆ, ಅದೂ ಅವರ ಹಾಗೆಯೇ, ಎಲ್ಲೋ ಬಿಟ್ಟ ಚಪ್ಪಲಿ ಹುಡುಕಿಕೊಂಡು ನಿಧಾನಕ್ಕೆ. ಅವರು ಮೀನುಗಾರರು. ಅಣೆಕಟ್ಟಿನ ಹಿನ್ನೀರಿನಲ್ಲೇ ಆಯುಷ್ಯ ಸವೆಸಿದವರು. ಆದರೆ ಊರಿಗೆಲ್ಲ ಹೆಸರಾದದ್ದು ಮೀನು ಹಿಡಿದದ್ದಕ್ಕಲ್ಲ. ವರ್ಷಗಟ್ಟಲೆ ದಿನಾ ಬೆಳಿಗ್ಗೆ ದೋಣಿ ಹತ್ತಿ, ಬಲೆ ಬೀಸಿ, ಒಂದೇ ಒಂದು ಮೀನನ್ನೂ ಹಿಡಿಯದೆ ಮನೆಗೆ ಬಂದದ್ದಕ್ಕೆ. ನೀರಿನಲ್ಲಿ ಮೀನು ಇರಲಿಲ್ಲ ಅಂತಲ್ಲ, ಕೈಹಾಕಿದರೆ ಸಿಗುವಷ್ಟಿದ್ದವು.

ನಾನು ಐಸ್ ಫ್ಯಾಕ್ಟರಿಯ ಮೇಸ್ತ್ರಿ. ದಡದ ಮೇಲೆ ನಮ್ಮ ಫ್ಯಾಕ್ಟರಿ, ಅದರ ಕೆಳಗೆ ದೋಣಿ ಕಟ್ಟುವ ಜಾಗ. ನನ್ನ ಹೆಂಡತಿಯನ್ನು ನಾನು ಮೊದಲು ನೋಡಿದ್ದು ಅಲ್ಲೇ. ಅಪ್ಪನ ದೋಣಿಯ ತುದಿಯಲ್ಲಿ ನಿಂತು ಬೀಸುಬಲೆ ಎಸೆಯುತ್ತಿದ್ದಳು. ಬೀಸುಬಲೆ ಅಂದರೆ ಅಂಚಿನುದ್ದಕ್ಕೂ ಸೀಸದ ಗುಂಡು ಪೋಣಿಸಿದ ದುಂಡನೆಯ ಬಲೆ. ಸರಿಯಾಗಿ ಬೀಸಿದರೆ ಗಾಳಿಯಲ್ಲಿ ಛತ್ರಿಯಂತೆ ಅರಳಿ, ನೀರಿಗೆ ಬಿದ್ದು, ಮುಳುಗಿ, ಕೆಳಗೆ ಬಾಯಿ ಮುಚ್ಚಿಕೊಳ್ಳುತ್ತದೆ. ಆ ದಡದ ಗಂಡಸರು ಬೀಸಿದ್ದು ಅರ್ಧ ಸಲ ಹಿಂಡಿದ ಬಟ್ಟೆಯ ಹಾಗೆ ಬೀಳುತ್ತಿತ್ತು. ಅವಳದು ಪ್ರತಿ ಸಲವೂ ದುಂಡಗೆ. ಬಾಯಿ ಬಿಟ್ಟುಕೊಂಡು ನೋಡುತ್ತಾ ನಿಂತ ನಾನು ಐಸ್ ಗಡ್ಡೆಯನ್ನು ಕಾಲ ಮೇಲೆ ಕೆಡವಿಕೊಂಡೆ. ಅಪ್ಪ ಮಗಳು ಇಬ್ಬರೂ ಸೇರಿ ನನ್ನನ್ನು ಆಸ್ಪತ್ರೆಗೆ ಹೊತ್ತುಕೊಂಡು ಹೋದರು, ಮದುವೆಯ ಮಾತು ಅಲ್ಲೇ ಶುರುವಾಯಿತು.

ಮಾವನಿಗೆ ಇದ್ದದ್ದು ಒಂದೇ ಆಸೆ. ಮೀನುಗಾರರ ಸಂಘದಲ್ಲಿ ತಮಗಿದ್ದ ಸದಸ್ಯತ್ವ, ಅದರ ಜೊತೆ ತಮ್ಮ ಪಾಲಿಗೆ ಬಂದಿದ್ದ ನೀರಿನ ತುಂಡು, ಎರಡೂ ಮಗಳಿಗೆ ಹೋಗಬೇಕು. ಆ ತುಂಡಿಗೆ ಮೊಣಕೈ ಮೂಲೆ ಅಂತ ಹೆಸರು, ದಡ ಅಲ್ಲಿ ಮಡಚಿದ ತೋಳಿನ ಹಾಗೆ ಬಾಗಿದೆ. ಸದಸ್ಯ ವಯಸ್ಸಾಗಿ ಕೆಳಗಿಳಿದರೆ ಮಗನೋ ಮಗಳೋ ಆ ಜಾಗಕ್ಕೆ ಬರಬಹುದು ಅಂತ ಸಂಘದ ನಿಯಮವಿತ್ತು. ಆದರೆ ಅದಕ್ಕೊಂದು ಬಾಲವೂ ಇತ್ತು: ಸದಸ್ಯ ಒಂದು ಋತು ಬಲೆ ಬೀಸದೆ ಕೂತರೆ ಅವನ ಜಾಗ ಖಾಲಿ, ಕಾದು ನಿಂತ ಬೇರೆಯವರಿಗೆ ಅದು ಹೋಗುತ್ತದೆ. ಕಾದು ನಿಂತವನು ಸಂಘದ ಅಧ್ಯಕ್ಷರ ಭಾಮೈದ. ಕೂಸು ಹುಟ್ಟುವ ಮುನ್ನ ಕುಲಾವಿ ಅನ್ನುವ ಹಾಗೆ ಅವನು ಆಗಲೇ ಒಂದು ದೋಣಿ ಕೊಂಡು, ಹಸಿರು ಬಣ್ಣ ಬಳಿದು, ನಮ್ಮ ದೋಣಿಯ ಪಕ್ಕದಲ್ಲೇ ತಂದು ಕಟ್ಟಿದ್ದ. ಮಾವ ಕೆಮ್ಮಿದರೂ ಸಾಕು, ಬಂದು ಆರೋಗ್ಯ ವಿಚಾರಿಸುತ್ತಿದ್ದ.

ಮಾವ ಜಾಗ ಬಿಟ್ಟುಕೊಡಲು ಇನ್ನೇನು ಅರ್ಜಿ ಹಾಕಬೇಕು, ಅಷ್ಟರಲ್ಲಿ ಜಗಳ ಶುರುವಾಯಿತು. ನೀರು ಸರ್ಕಾರದ್ದು. ಅದರಲ್ಲಿ ಮೀನು ಹಿಡಿಯುವ ಹಕ್ಕನ್ನು ಮೀನುಗಾರಿಕೆ ಇಲಾಖೆ ಎರಡು ಸಂಘಗಳಿಗೆ ಹಂಚಿತ್ತು. ಆ ಕಡೆಯದು ಪೂರ್ವ ದಡದವರಿಗೆ, ಈ ಕಡೆಯದು ಪಶ್ಚಿಮ ದಡದ ನಮಗೆ. ಗಡಿ ಯಾವುದು ಅಂದರೆ, "ನೀರಿನ ನಡುಮಧ್ಯ" ಅಂತ ಬರೆದಿದ್ದರು. ಬರೆದ ಪುಣ್ಯಾತ್ಮ ಜನ್ಮದಲ್ಲಿ ಜಲಾಶಯ ನೋಡಿರಲಿಕ್ಕಿಲ್ಲ. ಬೇಸಿಗೆಯಲ್ಲಿ ನೀರು ಇಳಿಯುತ್ತದೆ, ಮಳೆಗಾಲದಲ್ಲಿ ಏರುತ್ತದೆ. ನಮ್ಮ ದಡ ಕಡಿದಾದದ್ದು, ಪೂರ್ವದ ದಡ ಚಪ್ಪಟೆ. ನೀರು ಇಳಿದ ಹಾಗೆಲ್ಲ ಅವರ ದಡ ಹಿಂದೆ ಉಳಿಯುತ್ತದೆ, ನಡುಮಧ್ಯ ನಮ್ಮ ಕಡೆಗೆ ಸರಿಯುತ್ತದೆ. ಒಂದು ಬೇಸಿಗೆ ಅದು ಸರಿಯುತ್ತಾ ಸರಿಯುತ್ತಾ ಮೊಣಕೈ ಮೂಲೆಯ ಬಾಯಿಗೇ ಬಂತು. ಪೂರ್ವದವರು ನಡುವನ್ನು ಹಿಂಬಾಲಿಸಿಕೊಂಡು ಬಂದರು. ನಡು ಯಾವತ್ತೂ ಇದ್ದಲ್ಲೇ ಇದೆ ಅಂತ ನಮ್ಮವರು ಹುಟ್ಟು ಎತ್ತಿಕೊಂಡರು. ಎರಡೂ ಸಂಘ ಕೋರ್ಟಿಗೆ ಹೋದವು.

ಕೋರ್ಟು ಎರಡೇ ಮಾತಿನ ಆಜ್ಞೆ ಕೊಟ್ಟಿತು. ನಡು ಎಲ್ಲಿದೆ ಎಂದು ತೀರ್ಮಾನವಾಗುವ ತನಕ ಈ ಜಲಾಶಯದಿಂದ ಯಾರೂ ಒಂದು ಮೀನನ್ನೂ ತೆಗೆಯತಕ್ಕದ್ದಲ್ಲ. ಉಳಿದಂತೆ ಎಲ್ಲವೂ ಯಥಾಸ್ಥಿತಿಯಲ್ಲಿ ಮುಂದುವರಿಯತಕ್ಕದ್ದು.

ಉಳಿದಂತೆ ಎಲ್ಲವೂ ಅಂದರೆ ಸಂಘದ ನಿಯಮವೂ ಸೇರಿತು. ಮೀನು ಹಿಡಿದರೆ ನ್ಯಾಯಾಂಗ ನಿಂದನೆ, ಬಲೆ ಬೀಸದಿದ್ದರೆ ಸದಸ್ಯತ್ವ ಹೋಯಿತು. ಹೆಸರು ವರ್ಗಾಯಿಸುವುದೂ ಬಂದ್, ಅದು ಸ್ಥಿತಿ ಬದಲಾಯಿಸಿದಂತೆ. ಅತ್ತ ದರಿ ಇತ್ತ ಪುಲಿ ಅಂತಾರಲ್ಲ, ಹಾಗೆ. ನಾನು ಮಾವನನ್ನು ಕರೆದುಕೊಂಡು ನಮ್ಮ ಸಂಘದ ವಕೀಲರ ಹತ್ತಿರ ಹೋದೆ. ಅವರು ಫ್ಯಾನಿನ ಕೆಳಗೆ ಮಾತ್ರ ಯೋಚನೆ ಮಾಡುವವರು. ಕರೆಂಟು ಹೋದರೆ ಕಕ್ಷಿದಾರರನ್ನು ಹೊರಗೆ ಕೂರಿಸುತ್ತಿದ್ದರು. ಆವತ್ತು ಕರೆಂಟಿತ್ತು.

"ಸಾರ್, ಈಗ ಬಲೆ ಬೀಸ್ಬೇಕಾ, ಬೇಡ್ವಾ?" ಮಾವ ಕೇಳಿದರು.

"ಬೀಸ್ಬೇಕು. ಬೀಸ್ದೇ ಇದ್ರೆ ನಿಮ್ ಜಾಗ ಹೋಗತ್ತೆ."

"ಮೀನು ಬಿದ್ರೆ?"

"ಬೀಳಬಾರದು."

"ಅದನ್ನ ಮೀನಿಗೆ ಯಾರು ಹೇಳೋದು ಸಾರ್?"

ವಕೀಲರು ಫ್ಯಾನಿನ ಕಡೆ ಮುಖ ಎತ್ತಿದರು. "ಇದು ಕಾನೂನಿನ ಪ್ರಶ್ನೆ ಅಲ್ಲ ಯಜಮಾನ್ರೇ. ನಿಮ್ ಕೈಚಳಕದ ಪ್ರಶ್ನೆ," ಅಂದರು.

ನಾನಾಗಿದ್ದರೆ ಅಲ್ಲೇ ಜಗಳ ತೆಗೆಯುತ್ತಿದ್ದೆ. ಮಾವ ಮಾತ್ರ ಅದನ್ನು ಸಲಹೆ ಅಂತ ತೆಗೆದುಕೊಂಡರು. ದಾರಿಯುದ್ದಕ್ಕೂ ಬಲಗೈ ಮಣಿಕಟ್ಟನ್ನು ಆ ಕಡೆ ಈ ಕಡೆ ತಿರುಗಿಸುತ್ತಾ ಬಂದರು.

ಮೊದಲು ಅವರು ಮಾಡಿದ್ದು ಬಲೆಯ ಸೀಸದ ಗುಂಡುಗಳನ್ನೆಲ್ಲ ಬಿಚ್ಚಿ ಹಾಕಿದ್ದು. ಭಾರವಿಲ್ಲದ ಬಲೆ ನೀರಿನ ಮೇಲೆ ತೇಲುತ್ತದೆ, ಮೀನು ಕೆಳಗೆ ಆರಾಮಾಗಿರುತ್ತದೆ. ಆದರೆ ಇಲಾಖೆಯ ಇನ್ಸ್‌ಪೆಕ್ಟರ್ ತಪಾಸಣೆಗೆ ಬಂದವರು ಅದನ್ನು ಎರಡು ಬೆರಳಲ್ಲಿ ಎತ್ತಿ ನೋಡಿ, "ಇದು ಬಲೆ ಅಲ್ಲ, ಸೊಳ್ಳೆಪರದೆ. ಬಲೆ ಬೀಸಿದ ಲೆಕ್ಕಕ್ಕೆ ಬರಲ್ಲ," ಅಂದುಬಿಟ್ಟರು. ಅಧ್ಯಕ್ಷರ ಭಾಮೈದ ಹಿಂದೆ ನಿಂತು ತಲೆಯಾಡಿಸಿದ. ಮಾವ ಗುಂಡುಗಳನ್ನು ಮತ್ತೆ ಪೋಣಿಸಿದರು.

ಆಮೇಲೆ ಅವರು ಕಂಡುಹಿಡಿದದ್ದು ಒಂದು ಜಗ್ಗು. ಬಲೆ ಬೀಸುವುದು ಯಾವತ್ತಿನಂತೆ, ದುಂಡಗೆ, ಪೂರ್ತಿ ಅರಳಿಸಿ. ಅದು ಮುಳುಗಿ, ಅಂಚಿನ ಗುಂಡುಗಳು ತಳದಲ್ಲಿ ಕೂಡಬೇಕು, ಅಷ್ಟರಲ್ಲಿ ಮಣಿಕಟ್ಟಿನಿಂದ ಹಗ್ಗವನ್ನು ಒಂದು ಸಲ ಮೇಲಕ್ಕೆ ಜಗ್ಗುವುದು. ಲಂಗ ಎತ್ತಿದ ಹಾಗೆ ಅಂಚು ಒಂದು ಬದಿ ಎದ್ದು ಒಳಗಿದ್ದ ಮೀನೆಲ್ಲ ಹೊರಗೆ. ಕೇಳಲು ಸುಲಭ. ಮೊದಮೊದಲು ಅವರಿಗೂ ಆಗುತ್ತಿರಲಿಲ್ಲ. ಒಂದೋ ಎರಡೋ ಮರಿ ಬಲೆಯ ಕಣ್ಣಿಗೆ ಸಿಕ್ಕಿಬೀಳುತ್ತಿದ್ದವು. ಅವನ್ನು ಬಿಡಿಸುವಾಗ ಯಾರಾದರೂ ನೋಡಿದರೇನು ಗತಿ ಅಂತ ಬೆನ್ನು ತಿರುಗಿಸಿಕೊಂಡು, ಕಳ್ಳನ ಹಾಗೆ, ಮೀನನ್ನು ನೀರಿಗೆ ಬಿಡುತ್ತಿದ್ದರು. ಕದ್ದು ಮೀನು ಹಿಡಿಯುವವರನ್ನು ನಾನು ಬಹಳ ಕಂಡಿದ್ದೇನೆ. ಕದ್ದು ಬಿಡುವವರನ್ನು ಕಂಡದ್ದು ಅದೇ ಮೊದಲು. ಒಂದು ವರ್ಷ ಕಳೆಯುವುದರೊಳಗೆ ಅವರ ಕೈ ಎಷ್ಟು ಪಳಗಿತೆಂದರೆ ಬಲೆಗೆ ಮೀನಿನ ಮೈಯ ಒಂದು ಶಲ್ಕವೂ ಅಂಟುತ್ತಿರಲಿಲ್ಲ.

ಇತ್ತ ನಡು ಹುಡುಕಲು ಕೋರ್ಟು ಒಬ್ಬ ಕಮಿಷನರನ್ನು ನೇಮಿಸಿತ್ತು. ಅವರು ಹಗ್ಗ, ಬಾವುಟ, ಬಿದಿರಿನ ಗಳ ಎಲ್ಲ ತಂದು ಬೇಸಿಗೆಯಿಡೀ ಅಳೆದರು. ಅಳೆದು ಮುಗಿದು ನಕ್ಷೆ ಬರೆಯುವಷ್ಟರಲ್ಲಿ ಮಳೆ ಹಿಡಿಯಿತು, ಬಾವುಟ ಮುಳುಗಿತು, ನಡು ಬೇರೆ ಕಡೆ ಹೋಯಿತು. ಅವರು ಮತ್ತೆ ಅಳೆಯಲು ಸಮಯ ಕೇಳಿದರು, ಕೋರ್ಟು ಕೊಟ್ಟಿತು. ಮುಂದಿನ ಸಲ ನೀರು ಇಳಿಯಿತು. ಹೀಗೆ ಆ ಕಮಿಷನರು ನಡುವನ್ನು ಅಟ್ಟಿಸಿಕೊಂಡೇ ನಿವೃತ್ತರಾದರು, ಇನ್ನೊಬ್ಬರು ಬಂದರು, ಅವರಿಗೆ ಈಜು ಬರುತ್ತಿರಲಿಲ್ಲ.

ಈ ಮಧ್ಯೆ ಹೊಟ್ಟೆಪಾಡು ನಡೆಯಬೇಕಲ್ಲ. ಮಾವ ಬೆಳಿಗ್ಗೆ ಮೀನು ಹಿಡಿಯದ ಕೆಲಸ ಮುಗಿಸಿಕೊಂಡು, ಮಧ್ಯಾಹ್ನ ನನ್ನ ಕೈಕೆಳಗೆ ಐಸ್ ಗಡ್ಡೆ ಎಳೆಯಲು ಬರುತ್ತಿದ್ದರು. ಮೀನಿಲ್ಲದ ಮೇಲೆ ನಮ್ಮ ಐಸೆಲ್ಲ ಜ್ಯೂಸ್ ಅಂಗಡಿಗೆ ಹೋಗುತ್ತಿತ್ತು. ಹೆಣ್ಣು ಕೊಟ್ಟ ಮಾವನಿಗೆ "ಏ, ಬೇಗ ಎಳಿ" ಅನ್ನಲು ಆಗುತ್ತದೆಯೇ? "ಮಾವ, ದಯವಿಟ್ಟು ಸ್ವಲ್ಪ ಜರುಗಿಸ್ತೀರಾ" ಅಂತ ನಾನು, "ಆಯ್ತು ಅಳಿಯಂದ್ರೇ" ಅಂತ ಅವರು. ನಮ್ಮಿಬ್ಬರ ಮರ್ಯಾದೆಯಲ್ಲಿ ಅರ್ಧ ಐಸು ಕರಗುತ್ತಿತ್ತು.

ನನ್ನ ಹೆಂಡತಿಯ ಕಥೆ ಇನ್ನೊಂದು. ಸದಸ್ಯಳಲ್ಲದವಳು ದೋಣಿ ಹತ್ತಿದರೆ ಅದೂ ಯಥಾಸ್ಥಿತಿಗೆ ಭಂಗ. ಕೈ ಮರೆಯಬಾರದು ಅಂತ ಅವಳು ಅಂಗಳದಲ್ಲೇ ಬಲೆ ಬೀಸುತ್ತಿದ್ದಳು. ಮೊದಲು ಬಕೆಟ್ಟಿನ ಮೇಲೆ, ಆಮೇಲೆ ಅತ್ತೆಯ ಕೋಳಿಗಳ ಮೇಲೆ. ಕೋಳಿಗಳು ಬುದ್ಧಿ ಕಲಿತು ಪಕ್ಕದ ಮನೆಗೆ ಒಕ್ಕಲು ಹೋದ ಮೇಲೆ, ಫ್ಯಾಕ್ಟರಿಯಿಂದ ಬರುವ ನನ್ನ ಮೇಲೆ. ಕೈಯಲ್ಲಿ ಟಿಫಿನ್ ಕ್ಯಾರಿಯರ್ ಹಿಡಿದು ಗೇಟು ತೆರೆದರೆ ಸಾಕು, ತಲೆಯ ಮೇಲೆ ಸೀಸದ ಗುಂಡಿನ ಮಳೆ.

"ರೀ, ಅಲ್ಲಾಡ್ಬೇಡಿ, ಕಣ್ಣು ಹರಿಯತ್ತೆ," ಅನ್ನುವಳು. ಅವಳು ಹೇಳುತ್ತಿದ್ದದ್ದು ಬಲೆಯ ಕಣ್ಣು.

ನಮಗೆ ಮಗಳು ಹುಟ್ಟಿದಳು, ನಡೆದಳು, ಶಾಲೆಗೂ ಸೇರಿದಳು. ಕೇಸು ವಾಯಿದೆಯ ಮೇಲೆ ವಾಯಿದೆ ತಿನ್ನುತ್ತಾ ಕೊಬ್ಬಿತು. ಮಾವನ ಮೀಸೆ ಬೆಳ್ಳಗಾಯಿತು. ಮಳೆಯಿರಲಿ ಜ್ವರವಿರಲಿ ಅವರು ದೋಣಿ ತಪ್ಪಿಸಲಿಲ್ಲ. "ಮಾವ, ಸಾಕು ಬಿಡಿ, ಐಸ್ ಫ್ಯಾಕ್ಟರಿಯಲ್ಲೇ ಅವಳಿಗೂ ಒಂದು ಕೆಲ್ಸ ಕೊಡಿಸ್ತೀನಿ," ಅಂತ ಒಮ್ಮೆ ರೇಗಿಯೇ ಹೇಳಿದೆ. ಅವರು ಅಂಗಳದ ಕಡೆ ನೋಡಿದರು. ಅಲ್ಲಿ ನನ್ನ ಹೆಂಡತಿ ಬಟ್ಟೆ ಒಣಗುವ ಹಗ್ಗದ ಮೇಲಿಂದ ಬಲೆ ಬೀಸುತ್ತಿದ್ದಳು. "ಅಂಥ ಕೈನ ಐಸಿಗೆ ಹಾಕ್ತೀರಾ ಅಳಿಯಂದ್ರೇ?" ಅಂದರು.

ಇಷ್ಟಾದರೂ ಒಂದು ಮೀನು ನಮ್ಮ ಮನೆಗೆ ಬಂದದ್ದು ಇಬ್ಬರು ಅಧಿಕಾರಿಗಳು ಒಂದೇ ದಿನ ಬಂದದ್ದರಿಂದ. ಇಲಾಖೆಯ ಇನ್ಸ್‌ಪೆಕ್ಟರ್ ಬಂದದ್ದು ಮಾವ ಬಲೆ ಬೀಸುತ್ತಾರೋ ಇಲ್ಲವೋ ನೋಡಲು. ಕೋರ್ಟಿನ ಅಮೀನರು ಬಂದದ್ದು ಮೀನು ಹಿಡಿಯುತ್ತಾರೋ ಏನೋ ನೋಡಲು. ಇಬ್ಬರ ಹತ್ತಿರವೂ ದೋಣಿ ಇರಲಿಲ್ಲ. ಮಾವ ಇಬ್ಬರನ್ನೂ ತಮ್ಮ ದೋಣಿಯಲ್ಲೇ ಕೂರಿಸಿಕೊಂಡರು, ಒಬ್ಬರು ಆ ತುದಿ, ಒಬ್ಬರು ಈ ತುದಿ.

"ಬೀಸಿ, ಬೀಸಿ, ಸರಿಯಾಗಿ ಬೀಸಿ," ಇನ್ಸ್‌ಪೆಕ್ಟರ್ ಅಂದರು.

"ನೋಡ್ಕೊಂಡು, ನೋಡ್ಕೊಂಡು, ಏನೂ ಬರಬಾರದು," ಅಮೀನರು ಅಂದರು.

ಎತ್ತು ಏರಿಗೆಳೆದರೆ ಕೋಣ ನೀರಿಗೆಳೆಯಿತು. ಮಾವ ಬೀಸಿದರು, ಜಗ್ಗಿದರು, ಖಾಲಿ ಬಲೆ ಎತ್ತಿ ಇಬ್ಬರಿಗೂ ತೋರಿಸಿದರು. ಇಬ್ಬರಿಗೂ ಸಂತೋಷವಾಯಿತು. ಮಾವನಿಗೆ ಆವತ್ತು ಸ್ವಲ್ಪ ಹುರುಪು ಜಾಸ್ತಿಯಾಯಿತು ಅಂತ ಕಾಣುತ್ತದೆ, ಇನ್ನೊಮ್ಮೆ ಬೀಸಿದರು. ಒಳಗಿದ್ದ ಒಂದು ಗೆಂಡೆ ಮೀನು ಜಗ್ಗಿಗೆ ಬೆದರಿ, ಹೊರಗೆ ಹೋಗುವ ಬದಲು ಮೇಲಕ್ಕೆ ಹಾರಿ, ಸೀದಾ ಅಮೀನರ ಮಡಿಲಿಗೆ ಬಿತ್ತು.

ಅಮೀನರು ಕೂಗಿಕೊಂಡ ಕೂಗು ಪೂರ್ವ ದಡಕ್ಕೂ ಕೇಳಿತು. ಆ ದಡದಲ್ಲಿ ಅವರ ಸಂಘದ ಅಧ್ಯಕ್ಷರು ವರ್ಷಗಳಿಂದ ದುರ್ಬೀನು ಹಿಡಿದು ಇದಕ್ಕೇ ಕಾದಿದ್ದರು. "ಹಿಡಿದ! ಹಿಡಿದ!" ಅಂತ ಅಲ್ಲಿಂದ ಕುಣಿದರು.

ದೋಣಿಯಲ್ಲಿ ಚರ್ಚೆ ಹತ್ತಿತು. ಮಾವ ಮೀನನ್ನು ನೀರಿಗೆ ಬಿಡಲು ಕೈ ಚಾಚಿದರೆ, ಅಮೀನರು, "ಮುಟ್ಬೇಡಿ, ಸಾಕ್ಷ್ಯ ನಾಶ ಆಗತ್ತೆ!" ಅಂದರು. "ಹಾಗಾದ್ರೆ ಇಟ್ಕೊಳ್ಳಿ" ಅಂದರೆ, "ಇಟ್ಕೊಂಡ್ರೆ ನಾನೇ ಹಿಡಿದ ಹಾಗಾಗತ್ತಲ್ರೀ!" ಇನ್ಸ್‌ಪೆಕ್ಟರ್ ತಮಗೂ ಅದಕ್ಕೂ ಸಂಬಂಧವಿಲ್ಲ, ತಾವು ನೋಡಲು ಬಂದದ್ದು ಬಲೆಯನ್ನು ಮಾತ್ರ ಅಂತ ಆಕಾಶ ನೋಡಿದರು. ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ. ಮೀನು ಬಾಯಿ ಬಿಡುತ್ತಿತ್ತು. ಮಾವನಿಗೆ ನೋಡಲಾಗಲಿಲ್ಲ. ದೋಣಿಯ ನೀರು ಎತ್ತಿ ಹಾಕುವ ಡಬ್ಬಿ ತೆಗೆದುಕೊಂಡು, ಉಲ್ಟಾ, ಹೊರಗಿನ ನೀರನ್ನು ಒಳಗೆ ತುಂಬಿದರು. ಮೂವರೂ ಮೊಣಕಾಲುದ್ದ ನೀರಿನಲ್ಲಿ ಕೂತು, ನಡುವೆ ಮೀನು ಈಜಾಡುತ್ತಾ, ಮುಳುಗುವ ದೋಣಿಯಲ್ಲಿ ದಡಕ್ಕೆ ಬಂದರು. ನಾನು ಐಸ್ ಡ್ರಮ್ಮು ತಂದು ಹಿಡಿದೆ.

ಕೋರ್ಟಿನ ಜಪ್ತಿ ಮಾಲಿನ ಕೋಣೆಗೆ ಡ್ರಮ್ಮು ಹೊತ್ತುಕೊಂಡು ಹೋದರೆ ಅಲ್ಲಿನ ಗುಮಾಸ್ತ ಬಾಗಿಲಿಗೆ ಅಡ್ಡ ನಿಂತ. "ಇಲ್ಲಿ ಚಾಕು ಇಟ್ಕೋತೀವಿ, ಸೈಕಲ್ ಇಟ್ಕೋತೀವಿ, ಕದ್ದ ಪಂಪ್‌ಸೆಟ್ ಇಟ್ಕೋತೀವಿ. ಉಸಿರಾಡೋದನ್ನ ಇಟ್ಕೊಳ್ಳಲ್ಲ," ಅಂದ. ಕೊನೆಗೆ ಆರೋಪಿಯ ಸುಪರ್ದಿಗೇ ಮೀನನ್ನು ಒಪ್ಪಿಸಿದರು. ಜೀವಂತವಾಗಿ ಕಾಪಾಡಬೇಕು, ಕರೆದಾಗ ತಂದು ಹಾಜರುಪಡಿಸಬೇಕು, ಸತ್ತರೆ ಅದಕ್ಕೆ ಬೇರೆ ಕೇಸು. ನಮ್ಮ ಬಚ್ಚಲಿನ ಸಿಮೆಂಟ್ ತೊಟ್ಟಿಯ ಅಂಚಿಗೆ ಅರಗಿನ ಮುದ್ರೆ ಒತ್ತಿ, ಚೀಟಿ ಕಟ್ಟಿ ಹೋದರು. ನನ್ನ ಮಗಳು ಅದಕ್ಕೆ 'ಸಾಕ್ಷಿ' ಅಂತ ಹೆಸರಿಟ್ಟಳು.

ಸಾಕ್ಷಿ ಬಂದ ಮೇಲೆ ನಾವು ಐದೂ ಜನ ಹಿತ್ತಲಲ್ಲಿ, ಗೋಣಿಚೀಲದ ಮರೆಯಲ್ಲಿ ಸ್ನಾನ ಮಾಡಿದೆವು. ಸೋಪಿನ ನೀರು ತೊಟ್ಟಿಗೆ ಸಿಡಿದರೆ ನ್ಯಾಯಾಂಗ ನಿಂದನೆ. ಅತ್ತೆ ಅನ್ನದ ಅಗುಳು ಹಾಕಿ ಹಾಕಿ ಅದನ್ನು ತೊಡೆಗಾತ್ರ ಬೆಳೆಸಿದರು. "ನನ್ನ ಅಳಿಯಂಗೂ ಇಷ್ಟು ಉಪಚಾರ ಮಾಡಿಲ್ಲ," ಅಂತ ಅವರೇ ಹೇಳುತ್ತಿದ್ದರು, ಅದು ನಿಜ. ಮಾವ ದಿನಾ ಸಂಜೆ ತೊಟ್ಟಿಯ ಪಕ್ಕ ಕೂತು ಅದನ್ನು ನೋಡುತ್ತಿದ್ದರು. "ಕೈ ಪಳಗಿದ ಮೇಲೆ ಒಂದೂ ಬಿದ್ದಿರಲಿಲ್ಲ ಕಣೋ," ಅಂತ ಅದಕ್ಕೇ ಹೇಳುವರು. ನಿಂದನೆ ಸಾಬೀತಾದರೆ ಅವರ ಜಾಗ ಅಲ್ಲಿಗೆ ಮುಗಿಯಿತು, ಮಗಳದೂ. ಭಾಮೈದ ತನ್ನ ದೋಣಿಗೆ ಇನ್ನೊಂದು ಕೋಟು ಹಸಿರು ಬಳಿದ.

ಕೊನೆಗೂ ವಿಚಾರಣೆ ಬಂತು. ನಾನು, ಹೆಂಡತಿ, ಇಬ್ಬರು ಐಸ್ ಕೂಲಿಗಳು ಸೇರಿ ಡ್ರಮ್ಮನ್ನು ಕೋರ್ಟಿನ ಮೆಟ್ಟಿಲು ಹತ್ತಿಸಿದೆವು. ಪೂರ್ವದವರ ವಕೀಲರು ಬಗ್ಗಿ ನೋಡಿ, "ಇದು ಆ ಮೀನಲ್ಲ ಸ್ವಾಮಿ, ಅದು ಚಿಕ್ಕದಿತ್ತು, ಇವರು ಮೀನು ಬದಲಾಯಿಸಿದ್ದಾರೆ," ಅಂದರು. ನ್ಯಾಯಾಧೀಶರು ಕನ್ನಡಕದ ಮೇಲಿಂದ ನೋಡಿದರು. "ಕೇಸು ಶುರುವಾದಾಗ ನಿಮಗೂ ತಲೆ ತುಂಬ ಕೂದಲಿತ್ತು. ಮುಂದುವರಿಸಿ," ಅಂದರು.

ಮಾವ ಕಟಕಟೆ ಹತ್ತಿದರು. ನಾನು ನನ್ನ ಹೆಂಡತಿಯ ಕೈ ಹಿಡಿದುಕೊಂಡೆ.

"ಆವತ್ತು ನೀವು ಮೀನು ಹಿಡೀತಿದ್ರಾ?" ಪೂರ್ವದ ವಕೀಲರು ಕೇಳಿದರು.

"ಇಲ್ಲ ಸ್ವಾಮಿ."

"ಮತ್ತೆ ಏನ್ ಮಾಡ್ತಿದ್ರಿ?"

"ಬಲೆ ಬೀಸ್ತಿದ್ದೆ."

"ಯಾಕೆ?"

"ನಾನು ಮೀನುಗಾರ ಸ್ವಾಮಿ."

ವಕೀಲರು ಬೆಕ್ಕಿನ ಹಾಗೆ ಕಾಲು ಮುಂದಿಟ್ಟರು. ಈಗ ಎರಡರಲ್ಲಿ ಒಂದು ದಾರಿಯಿಂದ ಮಾವ ಬೀಳಲೇಬೇಕಿತ್ತು. "ಇಷ್ಟು ವರ್ಷದಲ್ಲಿ ಎಷ್ಟು ಮೀನು ಹಿಡಿದಿದ್ದೀರಿ?"

"ಒಂದೂ ಇಲ್ಲ."

"ಒಂದೂ ಹಿಡಿಯದವನು ಮೀನುಗಾರ ಹೇಗಾಗ್ತಾನೆ ಸ್ವಾಮಿ? ಇವರಿಗೆ ಬಲೆ ಬೀಸೋಕೇ ಬರಲ್ಲ. ಇಲ್ಲಾ, ಹಿಡಿದು ಮುಚ್ಚಿಡ್ತಿದ್ದಾರೆ."

ನಮ್ಮ ವಕೀಲರು ಏಳಬೇಕು, ಆದರೆ ಅವರ ತಲೆಯ ಮೇಲಿನ ಫ್ಯಾನು ಆಗಷ್ಟೇ ನಿಂತಿತ್ತು. ಮಾವನೇ ಮಾತಾಡಿದರು. ಅವರು ಅಷ್ಟು ಉದ್ದದ ಮಾತು ಆಡಿದ್ದನ್ನು ನಾನು ಅದಕ್ಕೆ ಮುಂಚೆಯೂ ಕೇಳಿಲ್ಲ, ಆಮೇಲೂ ಕೇಳಿಲ್ಲ.

"ಬೀಸೋಕೆ ಬರದೇ ಇರೋನ ಕೈಗೂ ವರ್ಷಕ್ಕೆ ಒಂದಾದ್ರೂ ಬೀಳತ್ತೆ ಸ್ವಾಮಿ, ಅದು ಮೀನಿನ ಗ್ರಹಚಾರ. ಮೂಲೆ ತುಂಬ ಮೀನಿದ್ದು ಒಂದೂ ಬೀಳಬಾರದು ಅಂದ್ರೆ ಅದಕ್ಕೆ ಕಸುಬು ಗೊತ್ತಿರಬೇಕು. ನೀವು ಹಿಡೀಬೇಡ ಅಂದ್ರಿ, ಹಿಡಿದಿಲ್ಲ. ಇದೊಂದು ತಾನಾಗೇ ಬಂದು ಅವರ ಮಡಿಲಲ್ಲಿ ಕೂತಿದ್ದು. ಯಾಕೆ ಬಂತು ಅಂತ ಅದನ್ನೇ ಕೇಳಿ."

ಎಲ್ಲರೂ ಡ್ರಮ್ಮಿನ ಕಡೆ ತಿರುಗಿದರು. ಸಾಕ್ಷಿ ಬಾಲ ಬಡಿದು ಪೂರ್ವದ ವಕೀಲರ ಕೋಟಿಗೆ ನೀರು ಹಾರಿಸಿತು. ಅವರಿಗೆ ಸಿಟ್ಟು ನೆತ್ತಿಗೇರಿತು. "ಇದು ನಮ್ಮ ಪೂರ್ವದ ಮೀನು ಸ್ವಾಮಿ! ನಮ್ಮ ಕಡೆಯಿಂದ ಈಜಿಕೊಂಡು ಇವರ ಮೂಲೆಗೆ ಬಂದದ್ದು!" ಅಂತ ಕೂಗಿಬಿಟ್ಟರು.

"ಅಂದರೆ," ನ್ಯಾಯಾಧೀಶರು ಕೇಳಿದರು, "ನಡುವಿನ ಗೆರೆ ಎಲ್ಲೇ ಇದ್ದರೂ ಮೀನು ದಾಟುತ್ತದೆ ಅಂತ ನೀವೇ ಒಪ್ಪುತ್ತೀರಿ?"

ವಕೀಲರ ಬಾಯಿ ಸಾಕ್ಷಿಯ ಬಾಯಿಯಂತೆಯೇ ತೆರೆದು ಮುಚ್ಚಿತು.

ತೀರ್ಪು ಬಂದಾಗ ನಡು ಎಲ್ಲಿದೆ ಅನ್ನುವ ಮಾತೇ ಅದರಲ್ಲಿ ಇರಲಿಲ್ಲ. ಒಂದು ದಿನ ಪೂರ್ವದವರು, ಮರುದಿನ ಪಶ್ಚಿಮದವರು, ಇಡೀ ಜಲಾಶಯದಲ್ಲಿ ತಮಗೆ ಬೇಕಾದಲ್ಲಿ ಹಿಡಿಯಲಿ. ಇಷ್ಟು ಹೇಳಲು ನನ್ನ ಮಗಳು ಮೂರನೇ ಕ್ಲಾಸಿಗೆ ಬರಬೇಕಾಯಿತು! ನಿಂದನೆಯ ಆರೋಪ ವಜಾ, ಮಾವ ಬಲೆ ಬಿಡದ ಸದಸ್ಯ ಅಂತ ಅದರಲ್ಲೇ ಬರೆದಿದ್ದರು. ಸಾಕ್ಷಿಯನ್ನು ಬಂದಲ್ಲಿಗೆ ಬಿಡಿ ಅಂದರು. ಯಾವ ಕಡೆಯಿಂದ ಬಂತೋ ಗೊತ್ತಿಲ್ಲವಲ್ಲ, ಜಲಾಶಯದ ಅಂದಾಜು ನಡುವಿನಲ್ಲಿ ಬಿಟ್ಟು ಬಂದೆವು. ವಾರದೊಳಗೆ ಸದಸ್ಯತ್ವ ನನ್ನ ಹೆಂಡತಿಯ ಹೆಸರಿಗಾಯಿತು. ಆ ದಿನ ಮಾವ ಫ್ಯಾಕ್ಟರಿಯ ಬಾಗಿಲಲ್ಲಿ ನಿಂತು, ಬರುವವರಿಗೆ ಹೋಗುವವರಿಗೆಲ್ಲ "ನನ್ನ ಮಗಳಿಗಾಯ್ತು" ಅಂತ ಹೇಳಿದರು. ಜ್ಯೂಸ್ ಅಂಗಡಿಯವನಿಗೂ ಹೇಳಿದರು. ಭಾಮೈದನಿಗೆ ಎರಡು ಸಲ ಹೇಳಿದರು.

ನಮ್ಮ ಸರದಿಯ ಮೊದಲ ಬೆಳಿಗ್ಗೆ ದಡದ ತುಂಬ ಜನ. ನಾನು ಐಸ್ ಪೆಟ್ಟಿಗೆ ಇಟ್ಟುಕೊಂಡು ಕಾದಿದ್ದೆ. ನನ್ನ ಹೆಂಡತಿ ದೋಣಿ ಹತ್ತಿ ಅಪ್ಪನನ್ನೂ ಕೈಹಿಡಿದು ಹತ್ತಿಸಿಕೊಂಡಳು. ಕೇಸು ಮುಗಿದದ್ದರಿಂದ ಈಗ ಸಹಾಯಕ್ಕೆ ಒಬ್ಬರು ಜೊತೆಗಿರಬಹುದಿತ್ತು, ಅವಳಿಗೆ ಬೇರೆ ಯಾರೂ ಬೇಕಿರಲಿಲ್ಲ. ಮೊಣಕೈ ಮೂಲೆ ದಡಕ್ಕೆ ಹತ್ತಿರವೇ, ಎಲ್ಲ ಕಾಣುತ್ತದೆ, ಎಲ್ಲ ಕೇಳುತ್ತದೆ.

"ಮೊದಲ್ನೇದು ನೀನೇ ಬೀಸಪ್ಪಾ," ಅಂದಳು.

ಮಾವ ಬೀಸಿದರು. ಆ ವಯಸ್ಸಿನಲ್ಲೂ ಬಲೆ ದುಂಡಗೆ ಬಿತ್ತು, ದಡದಲ್ಲಿ ಒಂದಿಬ್ಬರು ಶಿಳ್ಳೆ ಹಾಕಿದರು. ಎಳೆದರು. ಖಾಲಿ. ಎಲ್ಲರೂ ನಕ್ಕರು, ಮಾವನೂ ನಕ್ಕರು. ಇನ್ನೊಮ್ಮೆ ಬೀಸಿದರು. ಖಾಲಿ. ಸುತ್ತ ಉಳಿದ ದೋಣಿಗಳಲ್ಲಿ ಮೀನು ಚಿಮ್ಮುತ್ತಿದ್ದವು, ಯಾರೂ ಹಿಡಿಯದೆ ಕೊಬ್ಬಿದ ಮೀನು. ಮಾವ ಮತ್ತೆ ಬೀಸಿ, ಎಡಗೈಯಿಂದ ಬಲಗೈ ಮಣಿಕಟ್ಟನ್ನು ಬಿಗಿಯಾಗಿ ಹಿಡಿದುಕೊಂಡು ಎಳೆದರು. ಆದರೂ ಕೊನೆಯ ಗಳಿಗೆಯಲ್ಲಿ ಆ ಕೈ ತಾನಾಗಿಯೇ ಜಗ್ಗಿತು. ನನಗೆ ದಡದಿಂದಲೇ ಕಂಡಿತು. ಈಗ ಯಾರೂ ನಗಲಿಲ್ಲ.

"ಬೇಡ ಅಂದ್ರೂ ಜಗ್ಗತ್ತಲ್ಲೇ," ಅಂತ ಅವರು ಮಗಳಿಗೆ ಹೇಳಿದರು, ಕೈ ಮುಂದೆ ಹಿಡಿದು ತೋರಿಸುತ್ತಾ.

ಅವಳು ಬಲೆ ತೆಗೆದುಕೊಂಡಳು. ಬೀಸಿದಳು, ಮುಳುಗಲು ಬಿಟ್ಟಳು, ಎಳೆದಳು. ಬಲೆ ಭಾರಕ್ಕೆ ಮೇಲೇಳಲಿಲ್ಲ, ಮಾವ ಹಗ್ಗಕ್ಕೆ ಕೈಹಾಕಿದರು. ಇಬ್ಬರೂ ಎಳೆಯುತ್ತಿದ್ದಂತೆ, ಅಂಚು ನೀರಿನಿಂದ ಏಳುವ ಹೊತ್ತಿಗೆ, ಆ ಬಲಗೈ ಜಗ್ಗಿತು. ಬೆಳ್ಳಗಿನ ಮೀನೆಲ್ಲ ಒಂದೇ ಸಲ ಸುರಿದುಹೋಯಿತು.

ನನ್ನ ಹೆಂಡತಿ ಅಪ್ಪನ ಮುಖ ನೋಡಲಿಲ್ಲ. ಹುಟ್ಟು ಹಾಕಿ ದೋಣಿಯನ್ನು ದಡಕ್ಕೆ ತಂದಳು. ಅವಳಿಗೆ ಹೇಳಲು ಬಾಯಿ ಬರುತ್ತಿರಲಿಲ್ಲ, ಅದು ನನಗೆ ಗೊತ್ತಾಯಿತು. ಅವಳು ಹೇಳುವ ಮುಂಚೆಯೇ ಮಾವ ಚಡ್ಡಿ ಮೇಲೆತ್ತಿಕೊಂಡು ನೀರಿಗೆ ಇಳಿದರು. ನಾನು ಕೈ ಚಾಚಿ ಅವರನ್ನು ಮೇಲೆ ಎಳೆದುಕೊಂಡೆ. ದೋಣಿ ಹಗುರವಾಗಿ ಹಿಂದಕ್ಕೆ ಸರಿಯಿತು.

ಅವರು ನನ್ನ ಪಕ್ಕದಲ್ಲಿ, ಐಸ್ ಪೆಟ್ಟಿಗೆಯ ಮೇಲೆ ಕೂತರು. ಅವಳು ಬೀಸಿದಳು. ಈ ಸಲ ದೋಣಿಯ ತಳ ಕಾಣದಷ್ಟು ಮೀನು ಬಂತು. ನನಗೆ ಅಳು ಬಂತು, ಮರೆಮಾಚಲಿಲ್ಲ. ಮಾವ ಅಳಲಿಲ್ಲ. ಬಲಗೈಯನ್ನು ತೊಡೆಯ ಕೆಳಗೆ ಒತ್ತಿಟ್ಟುಕೊಂಡು, ಕುತ್ತಿಗೆ ಉದ್ದ ಮಾಡಿ, ಅವಳು ಬೀಸುವುದನ್ನೇ ನೋಡುತ್ತಿದ್ದರು.

"ಅಳಿಯಂದ್ರೇ, ಏಳಿ," ಅಂದರು. "ಈ ಐಸ್ ಸಾಲಲ್ಲ."